ಪ್ರೆಡಿಕೇಟ್ ಎಲ್ಲಿಂದ ಶುರು? ಸುಂಟಿಕೊಪ್ಪದ ಮಳೆಯಲ್ಲಿ ಇಂಗ್ಲಿಷ್ ವಾಕ್ಯ ಬಿಡಿಸಿದ ಹನ್ನೆರಡು ವಾರ

ಜೂನ್ ಎರಡನೇ ವಾರ ಶುರುವಾದ ಸಂಜೆ ತರಗತಿ ಸೆಪ್ಟೆಂಬರ್ ಮೊದಲ ವಾರದ ಕೊಡವರ ಹಬ್ಬ ಕೈಲ್ ಮುಹೂರ್ತದ ಹೊತ್ತಿಗೆ ಮುಗಿಯಿತು. ವಾರಕ್ಕೆ ಎರಡು ದಿನ, ದಿನಕ್ಕೆ ಒಂದೂವರೆ ಗಂಟೆ. ಬಂದವರಲ್ಲಿ ಅರ್ಧ ಜನ ಸರ್ಕಾರಿ ಕೆಲಸದ ಪರೀಕ್ಷೆ ಬರೆಯುವವರು. ಉಳಿದವರು ಹೋಂಸ್ಟೇ ನಡೆಸುವವರು, ತೋಟದ ಲೆಕ್ಕ ಬರೆಯುವವರು. ಎಲ್ಲರಿಗೂ ಇಂಗ್ಲಿಷ್ ಓದಲು ಬರುತ್ತಿತ್ತು, ಒಂದು ಮಟ್ಟಕ್ಕೆ ಮಾತಾಡಲೂ ಬರುತ್ತಿತ್ತು. ಆದರೆ ವಾಕ್ಯವನ್ನು ಸಬ್ಜೆಕ್ಟ್, ಪ್ರೆಡಿಕೇಟ್ ಎಂದು ಎರಡು ಭಾಗ ಮಾಡಿ ಎಂದಾಗ ಒಬ್ಬೊಬ್ಬರೂ ಒಂದೊಂದು ಕಡೆ ಗೆರೆ ಎಳೆದರು. ಮುಂದೆ ಇದೇ ದಾರಿ ಹಿಡಿಯುವವರಿಗೆ ಎಲ್ಲಿ ಕಾಲು ಜಾರುತ್ತದೆ ಎಂದು ಗೊತ್ತಿರಲಿ ಅಂತ ಇಷ್ಟನ್ನು ಬರೆದಿಟ್ಟಿದ್ದೇನೆ.

ಖರ್ಚು ದೊಡ್ಡದಲ್ಲ. ಶುಲ್ಕ ಬಿಟ್ಟರೆ ಇನ್ನೂರು ಪುಟದ ಒಂದು ನೋಟ್‌ಬುಕ್, ಪೆನ್ಸಿಲ್, ರಬ್ಬರ್, ಕೆಂಪು ಮತ್ತು ನೀಲಿ ಪೆನ್ನು. ಪೆನ್ಸಿಲ್ ಬೇಕೇ ಬೇಕು. ಮೊದಲ ತಿಂಗಳು ಎಳೆದ ಗೆರೆಗಳಲ್ಲಿ ಅರ್ಧಕ್ಕರ್ಧ ಅಳಿಸಬೇಕಾಗುತ್ತದೆ. ಪೆನ್ನಲ್ಲಿ ಎಳೆದರೆ ಪುಟ ಗಲೀಜಾಗಿ, ತಿರುಗಿ ನೋಡಲು ಮನಸ್ಸೇ ಬರುವುದಿಲ್ಲ.

ಮೊದಲ ಮೂರು ವಾರ ಹಾಳಾಗಿದ್ದು ಒಂದು ಹಾಳೆಯಿಂದ. ಹಿಂದೆ ಬೇರೆ ಕೋಚಿಂಗ್‌ಗೆ ಹೋಗಿದ್ದವರ ಕೈಯಲ್ಲಿ ಅಲ್ಲಿ ಕೊಟ್ಟ ಒಂದು ಜೆರಾಕ್ಸ್ ನೋಟ್ಸ್ ಇತ್ತು. ಅದರಲ್ಲಿ ‘ಸಬ್ಜೆಕ್ಟ್ ಅಂದರೆ ಕರ್ತೃ, ಪ್ರೆಡಿಕೇಟ್ ಅಂದರೆ ಕ್ರಿಯಾಪದ’ ಎಂದು ಅಚ್ಚಾಗಿತ್ತು. ಎರಡೂ ಅರ್ಧಂಬರ್ಧ. ಪ್ರೆಡಿಕೇಟ್ ಎಂದರೆ ಕ್ರಿಯಾಪದ ಒಂದೇ ಅಲ್ಲ, ಕ್ರಿಯಾಪದವೂ ಸೇರಿ ಸಬ್ಜೆಕ್ಟ್ ಬಗ್ಗೆ ಹೇಳಿದ ಅಷ್ಟೂ ಮಾತು. ‘ದ ಎಲಿಫೆಂಟ್ ಬ್ರೋಕ್ ದ ಫೆನ್ಸ್ ಲಾಸ್ಟ್ ನೈಟ್’ ಎಂಬಲ್ಲಿ ‘ದ ಎಲಿಫೆಂಟ್’ ಸಬ್ಜೆಕ್ಟ್. ‘ಬ್ರೋಕ್ ದ ಫೆನ್ಸ್ ಲಾಸ್ಟ್ ನೈಟ್’ ಇಷ್ಟೂ ಪ್ರೆಡಿಕೇಟ್. ಆನೆಯ ಬಗ್ಗೆ ಏನು ಹೇಳಿದರು? ನಿನ್ನೆ ರಾತ್ರಿ ಬೇಲಿ ಮುರಿಯಿತು ಎಂದು. ಬೇಲಿಯೂ ರಾತ್ರಿಯೂ ಆ ಹೇಳಿಕೆಯ ಒಳಗಿನವೇ. ಇನ್ನೊಂದು ತೊಡಕೆಂದರೆ, ಕೆಲವು ದೊಡ್ಡ ವ್ಯಾಕರಣ ಪುಸ್ತಕಗಳು ಕ್ರಿಯಾಪದವೊಂದನ್ನೇ ಪ್ರೆಡಿಕೇಟ್ ಎಂದು ಕರೆಯುವುದೂ ಉಂಟು. ಶಾಲೆ ಮತ್ತು ಪರೀಕ್ಷೆಯ ಲೆಕ್ಕದಲ್ಲಿ ಮಾತ್ರ ಸಬ್ಜೆಕ್ಟ್ ಕಳೆದು ಉಳಿದದ್ದೆಲ್ಲ ಪ್ರೆಡಿಕೇಟ್. ಎರಡು ಪುಸ್ತಕ ಒಟ್ಟಿಗೆ ತೆರೆದು ಕೂತವರಿಗೆ ತಲೆ ಕೆಡುವುದು ಇಲ್ಲೇ. ಒಂದನ್ನು ಮುಚ್ಚಿಡಿ.

ಕನ್ನಡದ ಹಳೇ ಪಾರಿಭಾಷಿಕ ಪದಗಳೂ ನೆರವಿಗೆ ಬರಲಿಲ್ಲ. ಸಬ್ಜೆಕ್ಟ್‌ಗೆ ಉದ್ದೇಶ್ಯ, ಪ್ರೆಡಿಕೇಟ್‌ಗೆ ವಿಧೇಯ ಎನ್ನುತ್ತಾರೆ. ಆದರೆ ವಿಧೇಯ ಎಂದಕೂಡಲೇ ರಜಾ ಅರ್ಜಿಯ ಕೊನೆಯ ‘ತಮ್ಮ ವಿಧೇಯ ವಿದ್ಯಾರ್ಥಿ’ಯೇ ಕಣ್ಣ ಮುಂದೆ ಬಂದು ನಿಲ್ಲುತ್ತಾನೆ. ಲ್ಯಾಟಿನ್ ಮೂಲದಲ್ಲಿ ಪ್ರೆಡಿಕೇಟ್‌ಗೆ ‘ಸಾರಿ ಹೇಳಿದ್ದು’ ಎಂಬ ಅರ್ಥವಿದೆ. ಡಂಗುರ ಸಾರಿದ ಹಾಗೆ. ಯಾರ ಬಗ್ಗೆ ಸಾರಿದರು, ಏನೆಂದು ಸಾರಿದರು ಎಂದು ಕೇಳಿಕೊಂಡರೆ ಎರಡೂ ಭಾಗ ತಾವಾಗಿ ಬಿಡಿಸಿಕೊಳ್ಳುತ್ತವೆ.

ಗೊಂದಲದ ನಿಜವಾದ ಬೇರು ಇನ್ನೂ ಆಳದಲ್ಲಿದೆ. ಪ್ರೈಮರಿಯಿಂದ ನಮಗೆ ಕಲಿಸುವುದು ಮೂರು ಭಾಗ: ಕರ್ತೃ, ಕರ್ಮ, ಕ್ರಿಯೆ. ಇಂಗ್ಲಿಷ್ ಮೇಷ್ಟ್ರು ಎರಡೇ ಭಾಗ ಎಂದಾಗ, ಹಾಗಾದರೆ ಕರ್ಮ ಎಲ್ಲಿಗೆ ಹೋಯಿತು ಎಂದು ಮನಸ್ಸು ಹುಡುಕುತ್ತದೆ. ಕರ್ಮ ಪ್ರೆಡಿಕೇಟ್‌ನ ಹೊಟ್ಟೆಯೊಳಗಿದೆ. ಮೊದಲು ವಾಕ್ಯವನ್ನು ಎರಡಾಗಿ ಸೀಳಿ, ಆಮೇಲೆ ಎರಡನೇ ಹೋಳನ್ನು ಬಿಡಿಸಬೇಕು. ಮೊದಲೇ ಮೂರು ಮಾಡಲು ಹೋದರೆ ಕರ್ಮವಿಲ್ಲದ ವಾಕ್ಯ ಬಂದಾಗ ಕೈ ಕಟ್ಟಿದಂತಾಗುತ್ತದೆ. ಕರ್ತೃ ಎಂದರೆ ಮಾಡುವವನು ಎಂಬುದನ್ನೂ ಬಿಡಬೇಕು. ‘ದ ಫೆನ್ಸ್ ವಾಸ್ ಬ್ರೋಕನ್ ಬೈ ದ ಎಲಿಫೆಂಟ್’ ಎಂಬಲ್ಲಿ ಮುರಿದದ್ದು ಆನೆಯೇ, ಆದರೆ ಸಬ್ಜೆಕ್ಟ್ ಬೇಲಿ. ಇಂಗ್ಲಿಷ್‌ನ ಸಬ್ಜೆಕ್ಟ್ ಒಂದು ಜಾಗ. ಅಲ್ಲಿ ಕೂತವರೆಲ್ಲ ಕೆಲಸ ಮಾಡಿದವರೇ ಆಗಿರಬೇಕಿಲ್ಲ.

ನಾಲ್ಕನೇ ವಾರ ದಾರಿ ತೆರೆದದ್ದು ಕ್ರಮ ಬದಲಿಸಿದಾಗ. ಅಲ್ಲಿಯವರೆಗೆ ಎಲ್ಲರೂ ಮೊದಲು ಸಬ್ಜೆಕ್ಟ್ ಹುಡುಕುತ್ತಿದ್ದರು, ವಾಕ್ಯದ ಮೊದಲಲ್ಲಿ ಇರುತ್ತದಲ್ಲ ಎಂದು. ಹಾಗಲ್ಲ. ಮೊದಲು ಪೂರ್ಣ ಕ್ರಿಯಾಪದ ಹಿಡಿಯಿರಿ, ಅಂದರೆ ಕಾಲ ತೋರಿಸುವ ಕ್ರಿಯಾಪದ. ಕನ್ನಡದಲ್ಲಿ ಇದು ಸುಲಭ. ವಾಕ್ಯದ ಕೊನೆಗೆ ಹೋದರೆ ಬಾಗಿಲಿಗೆ ಚಿಲಕ ಹಾಕಿದ ಹಾಗೆ ಅಲ್ಲೇ ಇರುತ್ತದೆ. ಕೊಡವ ತಕ್ಕ್ ಆಗಲಿ, ಅರೆಭಾಷೆಯಾಗಲಿ, ವಿರಾಜಪೇಟೆ ಕಡೆಯ ಮನೆಗಳ ಮಲಯಾಳವಾಗಲಿ, ಕ್ರಿಯಾಪದ ಕೊನೆಗೇ. ಇಂಗ್ಲಿಷ್‌ನಲ್ಲಿ ಅದು ನಡುವೆ, ಸಬ್ಜೆಕ್ಟ್ ಮುಗಿದ ಬೆನ್ನಿಗೆ. ಕೊನೆಗೆ ನೋಡುವ ಕಣ್ಣಿಗೆ ಅಲ್ಲಿ ಸಿಗುವುದು ‘ಲಾಸ್ಟ್ ನೈಟ್’ ಥರದ ಬಾಲ.

ಹಿಡಿಯುವ ಪರೀಕ್ಷೆ ಹೀಗೆ. ವಾಕ್ಯದಲ್ಲಿರುವ ಕಾಲಸೂಚಕ ಮಾತು ತೆಗೆದುಹಾಕಿ, ಎದುರಿಗೆ ಒಮ್ಮೆ ‘ಯೆಸ್ಟರ್‌ಡೇ’, ಒಮ್ಮೆ ‘ಎವ್ರಿ ಡೇ’ ಸೇರಿಸಿ ಓದಿ. ಯಾವ ಪದ ರೂಪ ಬದಲಿಸುತ್ತದೋ ಅದೇ ಪೂರ್ಣ ಕ್ರಿಯಾಪದ. ತರಗತಿಯಲ್ಲಿ ಒಂದಿಡೀ ಸಂಜೆ ತಿಂದ ವಾಕ್ಯ ಇದು:

‘ದ ಓಲ್ಡ್ ಸಿಲ್ವರ್ ಓಕ್ ಬಿಹೈಂಡ್ ದ ಡ್ರೈಯಿಂಗ್ ಯಾರ್ಡ್ ಫೆಲ್ ಆನ್ ದ ಪವರ್ ಲೈನ್ ಲಾಸ್ಟ್ ನೈಟ್.’

ಹಲವರು ‘ಡ್ರೈಯಿಂಗ್’ ಕೆಳಗೆ ಗೆರೆ ಎಳೆದರು. ‘ಎವ್ರಿ ಡೇ’ ಹಾಕಿ ನೋಡಿ, ‘ಫೆಲ್’ ಹೋಗಿ ‘ಫಾಲ್ಸ್’ ಆಗುತ್ತದೆ, ‘ಡ್ರೈಯಿಂಗ್’ ಅಲುಗುವುದಿಲ್ಲ. ಒಂದೇ ಮರ ದಿನಾ ಬೀಳುತ್ತದೆಯೇ ಎಂದು ಕೇಳಬೇಡಿ, ಇಲ್ಲಿ ಬೇಕಿರುವುದು ರೂಪ ಮಾತ್ರ. ಕ್ರಿಯಾಪದ ಸಿಕ್ಕಿತು, ‘ಫೆಲ್’. ಈಗ ಅದನ್ನೇ ಕೇಳಿ: ಬಿದ್ದದ್ದು ಏನು? ‘ಓಕ್’ ಎಂದು ಒಂದು ಪದ ಹೇಳಿ ನಿಲ್ಲಿಸಬೇಡಿ. ಇಡೀ ಸಬ್ಜೆಕ್ಟ್ ಎಲ್ಲಿವರೆಗೆ ಎಂದು ತಿಳಿಯಲು ವಾಕ್ಯವನ್ನು ಪ್ರಶ್ನೆ ಮಾಡಿ: ‘ಡಿಡ್ ದ ಓಲ್ಡ್ ಸಿಲ್ವರ್ ಓಕ್ ಬಿಹೈಂಡ್ ದ ಡ್ರೈಯಿಂಗ್ ಯಾರ್ಡ್ ಫಾಲ್?’ ‘ಡಿಡ್’ಗೂ ‘ಫಾಲ್’ಗೂ ನಡುವೆ ಸಿಕ್ಕಿಕೊಂಡದ್ದೆಲ್ಲ ಸಬ್ಜೆಕ್ಟ್. ಕಣದ ಹಿಂದಿನ ಹಳೇ ಸಿಲ್ವರ್ ಓಕ್ ಪೂರ್ತಿ ಒಂದೇ ‘ಇಟ್’. ‘ಇಟ್ ಫೆಲ್ ಆನ್ ದ ಪವರ್ ಲೈನ್ ಲಾಸ್ಟ್ ನೈಟ್’ ಎಂದು ಓದಿದರೆ ವಾಕ್ಯ ಕೆಡಲಿಲ್ಲ, ಹಾಗಾಗಿ ಕತ್ತರಿಸಿದ ಜಾಗ ಸರಿ. ಗೆರೆ ಬೀಳಬೇಕಾದ್ದು ‘ಯಾರ್ಡ್’ ಮತ್ತು ‘ಫೆಲ್’ ನಡುವೆ.

ಈ ಪರೀಕ್ಷೆ ಕೈಕೊಡುವ ಜಾಗಗಳೂ ಇವೆ. ‘ಪುಟ್’, ‘ಕಟ್’, ‘ಹಿಟ್’ ಇವುಗಳಿಗೆ ನಿನ್ನೆಯೂ ಒಂದೇ ಇಂದೂ ಒಂದೇ. ಅಲ್ಲಿ ಸಬ್ಜೆಕ್ಟನ್ನು ಏಕವಚನ ಮಾಡಿ ನೋಡಿ, ‘ಎವ್ರಿ ಡೇ’ ಜೊತೆ ‘ಪುಟ್ಸ್’ ಎಂದಾಗಿ ಸಿಕ್ಕಿಬೀಳುತ್ತದೆ. ‘ಮಸ್ಟ್’ ಯಾವುದಕ್ಕೂ ಜಗ್ಗುವುದಿಲ್ಲ, ಅದನ್ನು ಬಾಯಿಪಾಠ ಮಾಡಿಕೊಳ್ಳುವುದೇ ದಾರಿ.

ಐದನೇ ವಾರದಿಂದ ದಿನಕ್ಕೆ ಹತ್ತು ವಾಕ್ಯ ಮನೆಗೆಲಸ. ಬಿಡಿಸಿ, ಫೋಟೋ ತೆಗೆದು ವಾಟ್ಸಾಪ್‌ಗೆ ಹಾಕಬೇಕು. ಹತ್ತು ವಾಕ್ಯಕ್ಕೆ ಶುರುವಿನಲ್ಲಿ ಮುಕ್ಕಾಲು ಗಂಟೆ ಹಿಡಿಯುತ್ತಿತ್ತು, ಕೊನೆಕೊನೆಗೆ ಹದಿನೈದು ನಿಮಿಷ. ಜುಲೈ ಮಳೆಗೆ ಕರೆಂಟ್ ಹೋದರೆ ಟವರ್‌ನ ಬ್ಯಾಟರಿಯೂ ಸಾಯುತ್ತದೆ. ಸೋಮವಾರ ಕಳಿಸಿದ್ದಕ್ಕೆ ಗುರುವಾರ ಉತ್ತರ ಬಂದದ್ದೂ ಇದೆ. ಆ ಮೂರು ದಿನ ಅದೇ ತಪ್ಪಿನ ಮೇಲೆ ಇನ್ನೂ ಮೂವತ್ತು ವಾಕ್ಯ ಕಟ್ಟಿಯಾಗಿರುತ್ತದೆ, ನೋಡಿ ಹೊಟ್ಟೆ ಉರಿಯುತ್ತದೆ. ಉತ್ತರಕ್ಕೆ ಕಾಯಬೇಕಾದಾಗ ಹೊಸ ವಾಕ್ಯ ಮುಟ್ಟದೆ ಹಳೆಯದಕ್ಕೇ ಪ್ರಶ್ನೆಯ ಪರೀಕ್ಷೆ ಹಾಕಿ. ಸ್ವಂತ ತಪ್ಪು ಅರ್ಧ ಅಲ್ಲೇ ಸಿಗುತ್ತದೆ.

ಎಲ್ಲರನ್ನೂ ಬೀಳಿಸಿದ ವಾಕ್ಯ ‘ದ ಕಾಫಿ ಡ್ರೈಡ್ ಆನ್ ದ ಟೆರೇಸ್ ಸ್ಮೆಲ್ಸ್ ಆಫ್ ಸ್ಮೋಕ್.’ ಓದುತ್ತಾ ಹೋದರೆ ಕಾಫಿ ಟೆರೇಸಿನಲ್ಲಿ ಒಣಗಿತು ಎಂದು ಅರ್ಥವಾಗಿ, ‘ಸ್ಮೆಲ್ಸ್’ ಬಂದೊಡನೆ ವಾಕ್ಯ ಮುರಿದಂತೆ ಕಾಣುತ್ತದೆ. ‘ಯೆಸ್ಟರ್‌ಡೇ’ ಹಾಕಿದರೆ ‘ಸ್ಮೆಲ್ಸ್’ ಹೋಗಿ ‘ಸ್ಮೆಲ್ಡ್’ ಆಗುತ್ತದೆ, ‘ಡ್ರೈಡ್’ ಎರಡು ಕಡೆಯೂ ಹಾಗೇ ಇರುತ್ತದೆ. ಅಂದರೆ ‘ಡ್ರೈಡ್’ ಇಲ್ಲಿ ಕ್ರಿಯಾಪದವಲ್ಲ, ನಮ್ಮ ಕೃದಂತ. ‘ಟೆರೇಸಿನಲ್ಲಿ ಒಣಗಿಸಿದ ಕಾಫಿ’ ಎನ್ನುವ ‘ಒಣಗಿಸಿದ’. ಕನ್ನಡದಲ್ಲಿ ‘ಒಣಗಿಸಿದ ಕಾಫಿ’ಗೂ ‘ಕಾಫಿ ಒಣಗಿಸಿದರು’ ಎಂಬುದಕ್ಕೂ ಬಾಲ ಬೇರೆ, ನೋಡಿದರೆ ಗೊತ್ತಾಗುತ್ತದೆ. ಇಂಗ್ಲಿಷ್‌ನಲ್ಲಿ ಎರಡಕ್ಕೂ ಒಂದೇ ಮುಖ. ‘ಇಂಗ್’ ಸೇರಿದ ಪದವೂ ಹಾಗೇ. ‘ದ ವರ್ಕರ್ಸ್ ವೇಟಿಂಗ್ ನಿಯರ್ ದ ಗೇಟ್’ ಎಂದು ಬರೆದು ಚುಕ್ಕಿ ಇಟ್ಟರೆ ಅದು ವಾಕ್ಯವಲ್ಲ, ಪ್ರೆಡಿಕೇಟ್ ಇನ್ನೂ ಹುಟ್ಟಿಲ್ಲ. ‘ಗೇಟಿನ ಹತ್ತಿರ ಕಾಯುತ್ತಿರುವ ಕೆಲಸದವರು’ ಎಂದು ಹೇಳಿ ಬಾಯಿ ಮುಚ್ಚಿದ ಹಾಗೆ. ಅವರಿಗೇನಾಯಿತು? ‘ವರ್ಕರ್ಸ್’ ಪಕ್ಕ ‘ಆರ್’ ಬಂದರೆ ಆಗ ವಾಕ್ಯ.

ಹೋಂಸ್ಟೇಯವರು ಅತಿಥಿಗಳಿಗೆ ಬರೆಯುವ ಮೆಸೇಜ್‌ಗಳಲ್ಲಿ ಬೇರೆ ಥರದ ಎಡವಟ್ಟು ಹೊರಬಿತ್ತು. ‘ದ ರೂಮ್ಸ್ ಇನ್ ದ ಓಲ್ಡ್ ಬಂಗ್ಲೋ ಈಸ್ ರೆಡಿ’ ಎಂದು ಬರೆಯುತ್ತಾರೆ. ಕ್ರಿಯಾಪದದ ಪಕ್ಕದಲ್ಲಿರುವುದು ‘ಬಂಗ್ಲೋ’, ಏಕವಚನ, ಹಾಗಾಗಿ ‘ಈಸ್’. ಆದರೆ ರೆಡಿಯಾಗಿರುವುದು ರೂಮುಗಳು, ‘ಆರ್’ ಬೇಕು. ಇದಕ್ಕೆ ಇಂಗ್ಲಿಷ್ ಪುಸ್ತಕದಲ್ಲಿ ಪುಟಗಟ್ಟಲೆ ನಿಯಮಗಳಿವೆ. ನಮಗೆ ಕೆಲಸಕ್ಕೆ ಬಂದದ್ದು ಹೈಸ್ಕೂಲಿನ ವಿಭಕ್ತಿ ಪಾಠ. ಇಂಗ್ಲಿಷ್ ಪ್ರಿಪೊಸಿಷನ್ ಎಂದರೆ ಪದದ ಕೊನೆಗೆ ಅಂಟುವ ಬದಲು ಪದಕ್ಕಿಂತ ಮೊದಲೇ ಬಂದು ಕೂತ ವಿಭಕ್ತಿ ಪ್ರತ್ಯಯ ಎಂದುಕೊಳ್ಳಿ. ‘ಇನ್ ದ ಬಂಗ್ಲೋ’ ಎಂದರೆ ಬಂಗಲೆಯಲ್ಲಿ, ಸಪ್ತಮಿ. ‘ಆಫ್ ದ ಬೀನ್ಸ್’ ಎಂದರೆ ಬೀಜದ, ಷಷ್ಠಿ. ಸಪ್ತಮಿ, ಷಷ್ಠಿಯಲ್ಲಿರುವ ಪದ ತಾನೇ ಸಬ್ಜೆಕ್ಟಿನ ತಲೆ, ಅಂದರೆ ಮುಖ್ಯ ಪದ, ಆಗಲಾರದು, ಪ್ರಥಮಾ ಇರುವ ಪದ ಹುಡುಕಿ. ‘ದ ಕ್ವಾಲಿಟಿ ಆಫ್ ದ ಬೀನ್ಸ್ ಡಿಪೆಂಡ್ಸ್ ಆನ್ ದ ಡ್ರೈಯಿಂಗ್’ ಎಂಬಲ್ಲಿ ‘ಕ್ವಾಲಿಟಿ’ಗೆ ಮಾತ್ರ ಮೊದಲು ಪ್ರಿಪೊಸಿಷನ್ ಇಲ್ಲ. ಅದೇ ತಲೆ, ಹಾಗಾಗಿ ‘ಡಿಪೆಂಡ್ಸ್’. ಪ್ರಿಪೊಸಿಷನ್ ತುಂಡುಗಳನ್ನು ಮೊದಲೇ ಪೆನ್ಸಿಲ್‌ನಲ್ಲಿ ಕಂಸ ಹಾಕಿ ಬದಿಗಿಟ್ಟರೆ ಅರ್ಧ ಕೆಲಸ ಮುಗಿಯಿತು. ‘ಇನ್ ಮಾರ್ಚ್, ದ ಬ್ಲಾಸಮ್ ಶವರ್ಸ್ ಕೇಮ್ ಲೇಟ್’ ಎಂಬಲ್ಲಿ ‘ಮಾರ್ಚ್’ ಮೊದಲು ಬಂದರೂ ಅದು ಮಾರ್ಚಿನಲ್ಲಿ. ಹೂಮಳೆಯೇ ಸಬ್ಜೆಕ್ಟ್, ಮುಂದೆ ಕೂತ ‘ಇನ್ ಮಾರ್ಚ್’ ಪ್ರೆಡಿಕೇಟ್‌ಗೇ ಸೇರಿದ್ದು.

ವಿಭಕ್ತಿಯೇ ಕಾಲೆಳೆಯುವ ಜಾಗವೂ ಒಂದಿದೆ, ಚತುರ್ಥಿ. ಕನ್ನಡದಲ್ಲಿ ‘ನನಗೆ ಚಳಿ’, ‘ನನಗೆ ಕಾಫಿ ಇಷ್ಟ’, ‘ನನಗೆ ಇಬ್ಬರು ಮಕ್ಕಳು’. ಅನುಭವಿಸುವವನು ‘ಗೆ’ ಹಾಕಿಕೊಂಡು ಪಕ್ಕಕ್ಕೆ ಸರಿದಿರುತ್ತಾನೆ. ಇಂಗ್ಲಿಷ್ ಅವನನ್ನು ಎಳೆದು ತಂದು ಸಬ್ಜೆಕ್ಟ್ ಕುರ್ಚಿಯಲ್ಲಿ ಕೂರಿಸುತ್ತದೆ: ‘ಐ ಆ್ಯಮ್ ಕೋಲ್ಡ್’, ‘ಐ ಲೈಕ್ ಕಾಫಿ’, ‘ಐ ಹ್ಯಾವ್ ಟೂ ಚಿಲ್ಡ್ರನ್’. ‘ಐ ಹ್ಯಾವ್ ಎ ಕೋಲ್ಡ್’ ಎಂದರೆ ಚಳಿಯಲ್ಲ, ನೆಗಡಿ. ಆಗಸ್ಟ್‌ನಲ್ಲಿ ಇಲ್ಲಿ ಎರಡೂ ವಾಕ್ಯ ಬೇಕಾಗುತ್ತವೆ.

ಸಬ್ಜೆಕ್ಟ್ ಬಿಟ್ಟುಬಿಡುವ ಚಾಳಿ ಹೋಗಲು ಎರಡು ವಾರ ಬೇಕಾಯಿತು. ‘ಬಂದೆ’ ಎಂದರೆ ನಾನು ಎಂಬುದು ‘ಎ’ಕಾರದಲ್ಲೇ ಇದೆ, ‘ಬಂದಳು’ ಎಂದರೆ ಅವಳು ‘ಅಳು’ವಿನಲ್ಲಿ. ಪ್ರತ್ಯೇಕ ಹೇಳುವ ಅಗತ್ಯವೇ ಇಲ್ಲ. ಮಲಯಾಳದ ಕ್ರಿಯಾಪದ ಆ ಸುಳಿವನ್ನೂ ಕೊಡುವುದಿಲ್ಲ, ‘ವನ್ನು’ ಎಂದರೆ ಯಾರು ಬಂದರೂ ಅದೇ. ಅವರು ಸಂದರ್ಭದಿಂದಲೇ ತಿಳಿಯುತ್ತಾರೆ. ಇಂಗ್ಲಿಷ್‌ಗೆ ಇದು ಯಾವುದೂ ಸಾಲದು. ಹೇಳಲು ಯಾರೂ ಇಲ್ಲದಿದ್ದರೂ ಕುರ್ಚಿ ಖಾಲಿ ಬಿಡುವುದಿಲ್ಲ, ಬೊಂಬೆಯನ್ನಾದರೂ ತಂದು ಕೂರಿಸುತ್ತದೆ. ‘ಮಳೆ ಬರುತ್ತಿದೆ’ ಎನ್ನುವಾಗ ಬರುವುದು ಮಳೆ. ‘ಇಟ್ ಈಸ್ ರೇನಿಂಗ್’ ಎನ್ನುವಾಗ ‘ಇಟ್’ ಯಾರು? ಯಾರೂ ಅಲ್ಲ. ಆದರೂ ಸಬ್ಜೆಕ್ಟ್ ಅದೇ. ಆಜ್ಞೆ ಕೊಡುವಾಗ ಮಾತ್ರ ಕುರ್ಚಿ ಖಾಲಿ: ‘ಕ್ಲೋಸ್ ದ ಗೇಟ್’. ಅಲ್ಲಿ ಕಾಣದ ‘ಯು’ ಇದೆ ಎಂದು ಬರೆಯಬೇಕು.

‘ದೇರ್’ ಎಂಬುದು ಇನ್ನೊಂದು ಬೊಂಬೆ. ‘ತೋಟದಲ್ಲಿ ಆನೆಗಳಿವೆ’ ಎನ್ನಲು ಈ ಕಡೆ ಎಲ್ಲರ ಬಾಯಲ್ಲೂ ‘ಇನ್ ದ ಎಸ್ಟೇಟ್ ಎಲಿಫೆಂಟ್ಸ್ ಆರ್ ದೇರ್’. ಕೇಳಿದರೆ ಅರ್ಥವಾಗುತ್ತದೆ, ಬರವಣಿಗೆಗೆ ಸಲ್ಲದು. ‘ದೇರ್ ಆರ್ ಎಲಿಫೆಂಟ್ಸ್ ಇನ್ ದ ಎಸ್ಟೇಟ್’. ಶಾಲೆಯ ವ್ಯಾಕರಣ ಆನೆಯನ್ನೇ ನಿಜವಾದ ಸಬ್ಜೆಕ್ಟ್ ಎನ್ನುತ್ತದೆ, ಏಕೆಂದರೆ ‘ಆರ್’ ಬಂದದ್ದು ಆನೆಗಳ ಬಹುವಚನದಿಂದ. ಈಚಿನ ವ್ಯಾಕರಣಕಾರರು ‘ದೇರ್’ ಅನ್ನೇ ಸಬ್ಜೆಕ್ಟ್ ಎಂದು ವಾದಿಸುತ್ತಾರೆ, ಪ್ರಶ್ನೆಯಲ್ಲಿ ‘ಆರ್ ದೇರ್’ ಎಂದು ಜಾಗ ಬದಲಿಸುವುದು ಅದೇ ಅಲ್ಲವೇ ಎಂದು. ಪರೀಕ್ಷೆಯಲ್ಲಿ ಆನೆ ಎಂದು ಬರೆಯಿರಿ, ಅಂಕ ಸಿಗುತ್ತದೆ.

‘ಮೈ ಫಾದರ್ ಫಾರ್ಮರ್’ ಥರದ ತಪ್ಪನ್ನು ಹೆಚ್ಚು ಎಳೆಯುವುದಿಲ್ಲ. ‘ನಮ್ಮಪ್ಪ ಕೃಷಿಕ’ ಎಂಬುದು ಕನ್ನಡದಲ್ಲಿ ಕ್ರಿಯಾಪದವಿಲ್ಲದ ಪೂರ್ಣ ವಾಕ್ಯ, ಇಂಗ್ಲಿಷ್‌ನಲ್ಲಿ ‘ಈಸ್’ ಇಲ್ಲದೆ ಪ್ರೆಡಿಕೇಟ್ ಇಲ್ಲ. ಇಷ್ಟು ತಿಳಿದ ಮರುದಿನ ಕೆಲವರು ಎಲ್ಲ ಕಡೆಯೂ ‘ಈಸ್’ ಸುರಿಯಲು ಶುರುಮಾಡಿ ‘ಹಿ ಈಸ್ ಗೋ’ ಎಂದೆಲ್ಲ ಬರೆದರು. ಅದು ತಾನಾಗಿ ಇಳಿಯುವ ಜ್ವರ.

ಏಳನೇ ವಾರ ಬಂದ ‘ಬಂದು ಕೂತು ಕಾಫಿ ಕುಡಿದು ಹೋದ’ ಎಂಬ ವಾಕ್ಯದಲ್ಲಿ ನಿಧಾನ ಮಾಡುವುದು ಒಳ್ಳೆಯದು. ಕನ್ನಡದಲ್ಲಿ ಪೂರ್ಣ ಕ್ರಿಯಾಪದ ಒಂದೇ, ‘ಹೋದ’. ಉಳಿದ ಮೂರೂ ಅಪೂರ್ಣ, ಬಾಲ ಚಾಚಿ ಮುಂದಿನದನ್ನು ಹಿಡಿದುಕೊಂಡಿವೆ. ಇಂಗ್ಲಿಷ್‌ನಲ್ಲಿ ‘ಹಿ ಕೇಮ್, ಸ್ಯಾಟ್ ಡೌನ್, ಡ್ರ್ಯಾಂಕ್ ಕಾಫಿ ಆ್ಯಂಡ್ ಲೆಫ್ಟ್’. ‘ಎವ್ರಿ ಡೇ’ ಹಾಕಿ ನೋಡಿ, ನಾಲ್ಕೂ ಬದಲಾಗುತ್ತವೆ. ನಾಲ್ಕೂ ಪೂರ್ಣ, ಸಬ್ಜೆಕ್ಟ್ ಮಾತ್ರ ಒಂದು. ಇದನ್ನು ಕಾಂಪೌಂಡ್ ಪ್ರೆಡಿಕೇಟ್ ಎನ್ನುತ್ತಾರೆ. ಕನ್ನಡದ ಗುಂಗಿನಲ್ಲಿ ‘ಹಿ ಕಮಿಂಗ್, ಸಿಟಿಂಗ್, ಡ್ರಿಂಕಿಂಗ್ ಲೆಫ್ಟ್’ ಎಂದು ಬರೆಯುವುದು ಇದೇ ಕಾರಣಕ್ಕೆ.

ಆಮೇಲೆ ಪ್ರೆಡಿಕೇಟ್ ಒಳಗೆ ಇಳಿದೆವು. ಆಬ್ಜೆಕ್ಟ್ ಅಂದರೆ ಕರ್ಮ ಯಾವುದು, ಸಬ್ಜೆಕ್ಟನ್ನೇ ವಿವರಿಸುವ ಕಾಂಪ್ಲಿಮೆಂಟ್ ಯಾವುದು ಎಂದು ತಿಳಿಯಲು ಎಷ್ಟು ಜನ ಎಂದು ತಲೆ ಎಣಿಸಿ. ‘ಹಿ ಮೆಟ್ ಎ ಪ್ಲಾಂಟರ್’ ಎಂಬಲ್ಲಿ ಎರಡು ತಲೆ, ಹಾಗಾಗಿ ಪ್ಲಾಂಟರ್ ಆಬ್ಜೆಕ್ಟ್. ‘ಹಿ ಬಿಕೇಮ್ ಎ ಪ್ಲಾಂಟರ್’ ಎಂಬಲ್ಲಿ ಒಂದೇ ತಲೆ, ಪ್ಲಾಂಟರ್ ಕಾಂಪ್ಲಿಮೆಂಟ್. ‘ದ ಕಾಫಿ ಟೇಸ್ಟ್ಸ್ ಬಿಟರ್’ ಎಂಬಲ್ಲಿ ‘ಟೇಸ್ಟ್ಸ್’ ತೆಗೆದು ‘ಈಸ್’ ಹಾಕಿದರೂ ವಾಕ್ಯ ನಿಲ್ಲುತ್ತದೆ, ಹಾಗಾಗಿ ಅದು ಬರೀ ಕೊಂಡಿ. ‘ಬಿಟರ್ಲಿ’ ಎಂದು ತಿದ್ದಲು ಹೋಗಬೇಡಿ, ಕಹಿ ಕಾಫಿಯದು, ರುಚಿ ನೋಡುವ ರೀತಿಯದಲ್ಲ. ‘ಶಿ ಟೇಸ್ಟೆಡ್ ದ ಕಾಫಿ’ ಎಂಬಲ್ಲಿ ‘ಈಸ್’ ಹಾಕಿದರೆ ಅವಳೇ ಕಾಫಿಯಾಗುತ್ತಾಳೆ! ಯಾವಾಗ, ಎಲ್ಲಿ ಎನ್ನುವ ಮಾತುಗಳನ್ನು ಸಾಮಾನ್ಯವಾಗಿ ಕಿತ್ತರೂ ವಾಕ್ಯ ಉಳಿಯುತ್ತದೆ. ಆದರೆ ‘ಶಿ ಪುಟ್ ದ ಬ್ಯಾಗ್ಸ್ ಇನ್ ದ ಗೋಡೌನ್’ ಎಂಬಲ್ಲಿ ಗೋಡೌನ್ ಕಿತ್ತರೆ ಮೂಟೆ ಗಾಳಿಯಲ್ಲಿ ನಿಲ್ಲುತ್ತದೆ, ‘ಪುಟ್’ಗೆ ಜಾಗ ಬೇಕೇ ಬೇಕು.

ಇಷ್ಟನ್ನೂ ಕಣ್ಣಿಗೆ ಕಾಣುವಂತೆ ಮಾಡಿದ್ದು ಒಂದು ಹಳೇ ಅಮೆರಿಕನ್ ಪದ್ಧತಿ, ರೀಡ್ ಮತ್ತು ಕೆಲಾಗ್ ಎಂಬ ಇಬ್ಬರು ಶಿಕ್ಷಕರು 1877ರಲ್ಲಿ ಪುಸ್ತಕದಲ್ಲಿ ಕೊಟ್ಟ ಚಿತ್ರ. ಅಡ್ಡಗೆರೆ ಒಂದು. ಅದನ್ನು ಸೀಳಿ ಕೆಳಗೂ ಇಳಿಯುವ ಉದ್ದಗೆರೆಯ ಎಡಕ್ಕೆ ಸಬ್ಜೆಕ್ಟ್, ಬಲಕ್ಕೆ ಕ್ರಿಯಾಪದ. ಕ್ರಿಯಾಪದದ ಆಚೆ ಅಡ್ಡಗೆರೆಯ ಮೇಲೆಯೇ ನಿಲ್ಲುವ ಗಿಡ್ಡ ಗೆರೆ ಹಾಕಿದರೆ ಮುಂದಿನದು ಆಬ್ಜೆಕ್ಟ್. ಅದೇ ಗೆರೆ ಸಬ್ಜೆಕ್ಟ್ ಕಡೆಗೆ ವಾಲಿದ್ದರೆ ಮುಂದಿನದು ಕಾಂಪ್ಲಿಮೆಂಟ್, ಅದು ಮಾತಾಡುವುದು ಸಬ್ಜೆಕ್ಟ್ ಬಗ್ಗೆ ತಾನೇ. ‘ಓಲ್ಡ್’, ‘ಸಿಲ್ವರ್’ ಥರದವು ಕೆಳಗೆ ಓರೆಗೆರೆಯಲ್ಲಿ ಜೋತುಬೀಳುತ್ತವೆ. ಚೌಕಳಿ ಪುಟದ ಲೆಕ್ಕದ ಪುಸ್ತಕ ಇದಕ್ಕೆ ಚೆನ್ನ. ಇದನ್ನು ಮೊದಲ ವಾರದಿಂದಲೇ ಮಾಡಿಸಿದ್ದರೆ ತಿಂಗಳು ಉಳಿಯುತ್ತಿತ್ತು ಎಂಬುದು ತರಗತಿಯ ಬಗ್ಗೆ ನನ್ನ ಒಂದೇ ತಕರಾರು.

ಕೊನೆಯ ದಿನದ ಪರೀಕ್ಷೆಗೆ ಇಪ್ಪತ್ತೈದು ವಾಕ್ಯ, ಒಂದು ಗಂಟೆ. ಇಪ್ಪತ್ತನಾಲ್ಕಕ್ಕೆ ತಕರಾರಿಲ್ಲ. ಇಪ್ಪತ್ತೈದನೆಯದು ‘ದ ವಾಚ್‌ಮನ್ ಸಾ ದ ಎಲಿಫೆಂಟ್ ವಿತ್ ಎ ಟಾರ್ಚ್.’ ಸಬ್ಜೆಕ್ಟ್, ಪ್ರೆಡಿಕೇಟ್ ಎಲ್ಲರದೂ ಸರಿ. ಟಾರ್ಚನ್ನು ಚಿತ್ರದಲ್ಲಿ ಎಲ್ಲಿ ಜೋತುಬಿಡಬೇಕು ಎಂಬಲ್ಲಿ ಜಗಳ. ‘ಸಾ’ ಕೆಳಗೆ ಬಿಟ್ಟರೆ ವಾಚ್‌ಮನ್ ಟಾರ್ಚ್ ಬಿಟ್ಟು ನೋಡಿದ. ‘ಎಲಿಫೆಂಟ್’ ಕೆಳಗೆ ಬಿಟ್ಟರೆ ಟಾರ್ಚ್ ಹಿಡಿದುಕೊಂಡು ಬಂದದ್ದು ಆನೆ. ವ್ಯಾಕರಣದ ಪ್ರಕಾರ ಎರಡೂ ಸರಿ, ಎರಡಕ್ಕೂ ಅಂಕ ಕೊಟ್ಟರು. ಆನೆಯ ಕೈಗೆ ಟಾರ್ಚ್ ಕೊಟ್ಟವರು ಮೂವರು.